ಕಿರುಪಾತ್ರದ ಅಳತೆ: ಕನ್ನಡದ ಪ್ರಯೋಗಶೀಲ ಚಿತ್ರಗಳು ಮತ್ತು ಬಂಡೀಪುರದ ಸುತ್ತಣ ಸೀಮೆ



ಒಂದು ಪಾತ್ರವು ತೆರೆಯ ಮೇಲೆ ಎಷ್ಟು ಹೊತ್ತು ಇರುತ್ತದೆ, ಎಷ್ಟು ಮಾತಾಡುತ್ತದೆ, ಕಲಾವಿದರ ಪಟ್ಟಿಯಲ್ಲಿ ಎಷ್ಟನೆಯ ಸಾಲಿನಲ್ಲಿ ಬರುತ್ತದೆ ಎಂಬ ಮೂರು ಲೆಕ್ಕಗಳಿಂದ ಅದರ ತೂಕವನ್ನು ನಿರ್ಧರಿಸುವ ರೂಢಿ ಚಲನಚಿತ್ರದ ವ್ಯಾಪಾರದ ಜೊತೆಯಲ್ಲೇ ಬೆಳೆದುಬಂದಿತು. ಆ ವ್ಯಾಪಾರಕ್ಕೆ ಅದು ಅನುಕೂಲವೂ ಹೌದು, ಏಕೆಂದರೆ ಟಿಕೆಟ್ಟು ಹರಿಯುವುದು ನಾಯಕನ ಹೆಸರಿನ ಮೇಲೆ, ಸಂಭಾವನೆ ನಿಗದಿಯಾಗುವುದು ಕಾಲ್‌ಷೀಟಿನ ಮೇಲೆ, ಅಂದರೆ ನಟ ಚಿತ್ರೀಕರಣಕ್ಕೆಂದು ಬರೆದುಕೊಡುವ ದಿನಗಳ ಮೇಲೆ. ಆದರೆ ಕಥೆ ಹೇಳುವ ಕ್ರಮವನ್ನೇ ಪ್ರಶ್ನಿಸಲು ಹೊರಟ ಚಿತ್ರಗಳಿಗೂ ಇದೇ ಅಳತೆಗೋಲನ್ನು ಹಿಡಿದಾಗ ಲೆಕ್ಕ ತಪ್ಪುತ್ತದೆ. ಅಲ್ಲಿ ಐದು ನಿಮಿಷದ ಪಾತ್ರವೊಂದು ಎರಡು ಗಂಟೆಯ ಚಿತ್ರವನ್ನು ಹೊತ್ತು ನಿಂತಿರಬಹುದು, ಅದನ್ನು ತೆಗೆದರೆ ಉಳಿದದ್ದು ಕುಸಿಯಬಹುದು. ಪ್ರಯೋಗಶೀಲ ಚಿತ್ರದಲ್ಲಿ ಕಿರುಪಾತ್ರದ ಬೆಲೆ ಅದರ ಅನಿವಾರ್ಯತೆಯಲ್ಲಿದೆಯೇ ಹೊರತು ಅವಧಿಯಲ್ಲಿಲ್ಲ ಎಂಬುದು ಈ ಉಪನ್ಯಾಸದ ಪ್ರತಿಪಾದನೆ. ಇದಕ್ಕೆ ಬೇಕಾದ ಸಾಕ್ಷ್ಯಗಳಲ್ಲಿ ಹೆಚ್ಚಿನವು ನಂಜನಗೂಡು, ಗುಂಡ್ಲುಪೇಟೆ, ಚಾಮರಾಜನಗರ, ಹೆಗ್ಗಡದೇವನಕೋಟೆಗಳ ನಡುವಿನ, ಬಂಡೀಪುರದ ಕಾಡನ್ನು ಸುತ್ತುವರಿದ ಸೀಮೆಯಲ್ಲೇ ದೊರೆಯುತ್ತವೆ.

ಮೊದಲು ಪರಿಭಾಷೆಯನ್ನು ಸ್ಪಷ್ಟಪಡಿಸಿಕೊಳ್ಳಬೇಕು. ಯುರೋಪಿನ ಕಲಾವಿಮರ್ಶೆಯಲ್ಲಿ ‘ಅವಾಂತ್ ಗಾರ್ಡ್’ ಎಂದು ಕರೆಯುವುದು, ಚಾಲ್ತಿಯಲ್ಲಿರುವ ರುಚಿಯನ್ನು ಧಿಕ್ಕರಿಸಿ ಕಲೆಯ ಮಾಧ್ಯಮವನ್ನೇ ಪರೀಕ್ಷೆಗೆ ಒಡ್ಡುವ ಮುಂಚೂಣಿಯ ಕೃತಿಗಳನ್ನು. ಕನ್ನಡದಲ್ಲಿ 1970ರ ನಂತರ ಬಂದ ಚಿತ್ರಗಳಿಗೆ ‘ಹೊಸ ಅಲೆ’, ‘ಕಲಾತ್ಮಕ ಚಿತ್ರ’, ‘ಪ್ರಯೋಗಶೀಲ ಚಿತ್ರ’ ಎಂಬ ಹೆಸರುಗಳು ಬಳಕೆಗೆ ಬಂದವು. ಕಟ್ಟುನಿಟ್ಟಾಗಿ ನೋಡಿದರೆ ಇವೆರಡೂ ಒಂದೇ ಅಲ್ಲ, ಏಕೆಂದರೆ ಕನ್ನಡದ ಚಿತ್ರಗಳು ಕಥೆಯನ್ನು ಬಿಟ್ಟುಕೊಡಲಿಲ್ಲ. ಬಹುಪಾಲು ಪ್ರಸಿದ್ಧ ಕಾದಂಬರಿಗಳನ್ನೇ ಆಧಾರವಾಗಿ ಇಟ್ಟುಕೊಂಡವು. ಆದರೂ ನಟನನ್ನು ಬಳಸಿಕೊಂಡ ರೀತಿಯಲ್ಲಿ, ಮುಖ್ಯವಾಗಿ ಕಿರುಪಾತ್ರಗಳನ್ನು ಕಟ್ಟಿದ ರೀತಿಯಲ್ಲಿ, ಅವು ಮುಂಚೂಣಿಯ ಚಿತ್ರಗಳ ಹತ್ತಿರದ ಬಂಧುಗಳೇ.

ಆ ಚಿತ್ರಗಳ ಪರಂಪರೆಯನ್ನು ಇಲ್ಲಿ ಸ್ಥೂಲವಾಗಿ ನೋಡಿದರೆ ಸಾಕು. 1924ರಲ್ಲಿ ರೆನೆ ಕ್ಲೇರ್ ಪ್ಯಾರಿಸಿನಲ್ಲಿ ತೆಗೆದ ‘ಆಂತ್ರಾಕ್ತ್’ ಚಿತ್ರದಲ್ಲಿ ಕಲಾವಿದ ಮಾರ್ಸೆಲ್ ದುಷಾಂಪ್ ಮತ್ತು ಛಾಯಾಗ್ರಾಹಕ ಮ್ಯಾನ್ ರೇ ನಾಟಕಶಾಲೆಯ ಮಾಳಿಗೆಯ ಮೇಲೆ ಕೂತು ಚದುರಂಗ ಆಡುತ್ತಾರೆ, ನೀರಿನ ಧಾರೆಯೊಂದು ಬಂದು ಹಲಗೆಯ ಮೇಲಿನ ಕಾಯಿಗಳನ್ನು ಕೊಚ್ಚಿಕೊಂಡು ಹೋಗುತ್ತದೆ, ಅಲ್ಲಿಗೆ ಅವರ ಪಾತ್ರ ಮುಗಿಯಿತು. 1929ರ ‘ಆಂಡಲೂಸಿಯಾದ ನಾಯಿ’ ಚಿತ್ರದಲ್ಲಿ ನಿರ್ದೇಶಕ ಬುನ್ಯುಯೆಲ್ ತಾನೇ ಕ್ಷೌರದ ಕತ್ತಿ ಮಸೆಯುವವನಾಗಿ ಕಾಣಿಸಿಕೊಂಡರೆ, ಸಹಲೇಖಕ ಡಾಲಿ ಹಗ್ಗ ಕಟ್ಟಿ ಎಳೆಯಲ್ಪಡುವ ಪಾದ್ರಿಗಳಲ್ಲಿ ಒಬ್ಬ. ಜಾನ್ ಕಾಕ್ತೋನ ‘ಕವಿಯ ರಕ್ತ’ದಲ್ಲಿ ಛಾಯಾಗ್ರಾಹಕಿ ಲೀ ಮಿಲ್ಲರ್ ಮಾತಾಡುವ ಪ್ರತಿಮೆಯಾಗುತ್ತಾಳೆ. ಇವರಲ್ಲಿ ಯಾರೂ ವೃತ್ತಿಯಿಂದ ನಟರಲ್ಲ, ಯಾರಿಗೂ ‘ಪಾತ್ರಪೋಷಣೆ’ ಎಂಬುದಿಲ್ಲ. ನಾಯಕನೊಬ್ಬನ ಸುತ್ತ ಉಪಪಾತ್ರಗಳು ಸುತ್ತುವ ಏರ್ಪಾಟೇ ಇಲ್ಲದಿರುವುದರಿಂದ ಎಲ್ಲರೂ ಕಿರುಪಾತ್ರಧಾರಿಗಳೇ. ಅದೇ ಕಾಲದಲ್ಲಿ ರಷ್ಯದ ಕುಲೆಷೋವ್, ನಟನ ಒಂದೇ ನಿರ್ವಿಕಾರ ಮುಖವನ್ನು ಒಮ್ಮೆ ಸೂಪಿನ ತಟ್ಟೆಯ ಪಕ್ಕ, ಇನ್ನೊಮ್ಮೆ ಶವಪೆಟ್ಟಿಗೆಯ ಪಕ್ಕ, ಮತ್ತೊಮ್ಮೆ ಮಗುವಿನ ಪಕ್ಕ ಜೋಡಿಸಿದಾಗ ನೋಡುಗರು ಆ ಮುಖದಲ್ಲಿ ಹಸಿವು, ದುಃಖ, ವಾತ್ಸಲ್ಯಗಳನ್ನು ಬೇರೆಬೇರೆಯಾಗಿ ಕಂಡರೆಂದು ಚಲನಚಿತ್ರ ಶಾಸ್ತ್ರದ ಗ್ರಂಥಗಳು ಹೇಳುತ್ತವೆ. ಅಂದರೆ ತೆರೆಯ ಮೇಲಿನ ಅಭಿನಯವು ನಟನ ಮುಖದಲ್ಲಿ ಎಷ್ಟಿದೆಯೋ ಅದರ ಹಿಂದುಮುಂದಿನ ಚಿತ್ರಿಕೆಗಳಲ್ಲೂ ಅಷ್ಟೇ ಇದೆ. ಫ್ರಾನ್ಸಿನ ಬ್ರೆಸ್ಸಾನ್ ಈ ತತ್ತ್ವವನ್ನು ಕೊನೆಯ ಹಂತಕ್ಕೆ ಒಯ್ದು, ನಟರನ್ನು ನಟರೆಂದು ಕರೆಯಲೊಲ್ಲದೆ ‘ಮಾದರಿಗಳು’ ಎಂದು ಕರೆದ, ಭಾವಾಭಿನಯವೆಲ್ಲ ಸೋರಿಹೋಗುವವರೆಗೆ ಅವರಿಂದ ಒಂದೇ ಚಲನೆಯನ್ನು ಮತ್ತೆ ಮತ್ತೆ ಮಾಡಿಸಿದ. 1970ರಲ್ಲಿ ಬಂದ ಮಣಿ ಕೌಲ್ ಅವರ ಹಿಂದಿ ಚಿತ್ರ ‘ಉಸ್ಕಿ ರೋಟಿ’ಯಲ್ಲಿ ಇದರ ಭಾರತೀಯ ರೂಪವನ್ನು ಕಾಣಬಹುದು.

ಇಷ್ಟನ್ನು ಹೇಳಿ ಇದೆಲ್ಲ ಹೊರಗಿನಿಂದ ಬಂದ ವಿಚಾರವೆಂದು ಮುಗಿಸಿಬಿಟ್ಟರೆ ಈ ಸೀಮೆಗೆ ಅನ್ಯಾಯವಾದೀತು. ಮಲೆ ಮಾದೇಶ್ವರನ ಕಾವ್ಯವನ್ನು ಕಂಸಾಳೆ ಹಿಡಿದು ಹಾಡುವ ದೇವರಗುಡ್ಡರೂ ಮಂಟೇಸ್ವಾಮಿ ಕಾವ್ಯವನ್ನು ತಂಬೂರಿ ಮೀಟಿ ಹಾಡುವ ನೀಲಗಾರರೂ ಕಥೆಯನ್ನು ‘ಸಾಲು’ಗಳಾಗಿ ವಿಂಗಡಿಸಿಕೊಳ್ಳುತ್ತಾರೆ. ಸಾಲು ಎಂದರೆ ಒಂದು ಕೂರಿಕೆಯಲ್ಲಿ ಹಾಡಬಹುದಾದ, ತನ್ನಷ್ಟಕ್ಕೆ ಪೂರ್ಣವೆನಿಸುವ ಕಥಾಭಾಗ. ಮಾದೇಶ್ವರನ ಮಹಾಕಾವ್ಯದಲ್ಲಿ ಸಂಕಮ್ಮನ ಸಾಲು, ಸರಗೂರಯ್ಯನ ಸಾಲು, ಬೇವಿನಹಟ್ಟಿ ಕಾಳಮ್ಮನ ಸಾಲು ಎಂಬಂತೆ ಹೆಸರುಗಳಿವೆ. ಇವರಲ್ಲಿ ಯಾರೂ ಕಾವ್ಯದ ನಾಯಕರಲ್ಲ. ಸಂಕಮ್ಮ ಸೋಲಿಗರ ನೀಲೇಗೌಡನ ಹೆಂಡತಿ. ಕಾಳಮ್ಮ ಮಾದಪ್ಪನಿಗೆ, ಅಂದರೆ ಮಾದೇಶ್ವರನಿಗೆ, ತಲೆಬಾಗದ ಸಿರಿವಂತೆ. ಶಿಷ್ಟಕಾವ್ಯದ ಲೆಕ್ಕದಲ್ಲಿ ಇವು ಉಪಪಾತ್ರಗಳು. ಹಾಡುಗಾರನ ಲೆಕ್ಕದಲ್ಲಿ ಹಾಗಲ್ಲ: ಅವರ ಸಾಲು ಹಾಡುವ ರಾತ್ರಿ ಕಾವ್ಯವೆಲ್ಲ ಅವರದೇ, ಮಾದಪ್ಪನೇ ಅವರ ಮನೆಯ ಬಾಗಿಲಿಗೆ ಬಂದು ನಿಲ್ಲುವ ಅತಿಥಿ. ಮುಖ್ಯ ಹಾಡುಗಾರ ಕಥೆಯನ್ನು ಎತ್ತಿಕೊಂಡಾಗ ಹಿಮ್ಮೇಳದವರು ‘ಸೊಲ್ಲು’ ಹಿಡಿಯುತ್ತಾರೆ, ಅಂದರೆ ಪಲ್ಲವಿಯಂತೆ ಮರಳಿ ಬರುವ ನುಡಿಯನ್ನು ಒಟ್ಟಾಗಿ ಹಾಡುತ್ತಾರೆ. ಆ ಸೊಲ್ಲು ಬಿದ್ದುಹೋದರೆ ಕಥೆ ಮುಂದಕ್ಕೆ ನಡೆಯುವುದಿಲ್ಲ. ಚಿಕ್ಕದು ಮತ್ತು ಗೌಣವಾದದ್ದು ಬೇರೆಬೇರೆ ಎಂಬ ತಿಳಿವಳಿಕೆ ಇಲ್ಲಿನ ಕೇಳುಗರಿಗೆ ಪುಸ್ತಕದಿಂದ ಬರಬೇಕಾಗಿಲ್ಲ.

ಈ ಹಿನ್ನೆಲೆಯಲ್ಲಿ, ಸಹೃದಯರೇ, ಕನ್ನಡದ ಹೊಸ ಅಲೆಯ ಮೊದಲ ಚಿತ್ರವಾದ ‘ಸಂಸ್ಕಾರ’ವನ್ನು ನೋಡಬೇಕು. ಯು. ಆರ್. ಅನಂತಮೂರ್ತಿಯವರ 1965ರ ಕಾದಂಬರಿಯನ್ನು ಆಧರಿಸಿ, ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿ ನಿರ್ದೇಶಿಸಿದ ಈ ಕಪ್ಪುಬಿಳುಪಿನ ಚಿತ್ರಕ್ಕೆ ಗಿರೀಶ ಕಾರ್ನಾಡರು ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರ ಪಾತ್ರ ವಹಿಸಿದರು, ಸ್ನೇಹಲತಾ ರೆಡ್ಡಿ ಚಂದ್ರಿಯಾದರು, ಆಸ್ಟ್ರೇಲಿಯಾದ ಟಾಮ್ ಕೋವನ್ ಛಾಯಾಗ್ರಹಣ ಮಾಡಿದರು, ರಾಜೀವ ತಾರಾನಾಥರು ಸಂಗೀತ ಕೊಟ್ಟರು. ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದು ಆಮೇಲೆ ಬಿಡುಗಡೆಗೆ ಒಪ್ಪಿದ ಈ ಚಿತ್ರಕ್ಕೆ 1970ನೆಯ ಸಾಲಿನ ಅತ್ಯುತ್ತಮ ಕಥಾಚಿತ್ರವೆಂಬ ರಾಷ್ಟ್ರಪ್ರಶಸ್ತಿ ದೊರೆಯಿತು; ಆ ಗೌರವ ಪಡೆದ ಮೊದಲ ಕನ್ನಡ ಚಿತ್ರ ಇದು. ಇದರಲ್ಲಿ ನಾರಣಪ್ಪನ ಪಾತ್ರ ವಹಿಸಿದವರು ಪಿ. ಲಂಕೇಶ್.

ನಾರಣಪ್ಪ ಕಥೆ ಶುರುವಾಗುವ ಹೊತ್ತಿಗೆ ಸತ್ತಿದ್ದಾನೆ. ಶಿವಮೊಗ್ಗೆಯಿಂದ ಜ್ವರ ಹೊತ್ತು ತಂದು ದುರ್ವಾಸಪುರದ ಅಗ್ರಹಾರದಲ್ಲಿ ಪ್ರಾಣ ಬಿಟ್ಟ ಅವನ ಹೆಣವನ್ನು ಸುಡುವವರು ಯಾರು ಎಂಬ ಒಂದೇ ಪ್ರಶ್ನೆಯ ಮೇಲೆ ಇಡೀ ಕಥೆ ನಿಂತಿದೆ. ಅವನು ಸಾಲಿಗ್ರಾಮವನ್ನು ಹೊಳೆಗೆ ಎಸೆದವನು, ದೇವಸ್ಥಾನದ ಹೊಂಡದ ಮೀನು ಹಿಡಿದವನು, ಕಟ್ಟಿಕೊಂಡ ಹೆಂಡತಿಯನ್ನು ಬಿಟ್ಟು ಚಂದ್ರಿಯೊಡನೆ ಬಾಳಿದವನು. ಆದರೂ ಅವನಿಗೆ ಬಹಿಷ್ಕಾರ ಹಾಕಿರಲಿಲ್ಲವಾದ್ದರಿಂದ ಅವನು ಬ್ರಾಹ್ಮಣನಾಗಿಯೇ ಸತ್ತಿದ್ದಾನೆ. ಹೆಣ ಮನೆಯಲ್ಲಿರುವವರೆಗೆ ಅಗ್ರಹಾರದಲ್ಲಿ ಒಲೆ ಹೊತ್ತಿಸುವಂತಿಲ್ಲ. ಚಂದ್ರಿ ತನ್ನ ಒಡವೆಗಳನ್ನು ಬಿಚ್ಚಿ ಖರ್ಚಿಗೆಂದು ಇಟ್ಟಾಗ ಒಲ್ಲೆನೆಂದವರೆಲ್ಲ ಮನಸ್ಸಿನೊಳಗೇ ಲೆಕ್ಕ ಹಾಕತೊಡಗುತ್ತಾರೆ. ಇಲಿಗಳು ಸಾಯುತ್ತವೆ, ಹದ್ದುಗಳು ಮನೆಗಳ ಮಾಡಿನ ಮೇಲೆ ಇಳಿಯುತ್ತವೆ. ಇಷ್ಟೆಲ್ಲ ನಡೆಯುವಾಗ ನಾರಣಪ್ಪ ಒಂದು ಮಾತೂ ಆಡುವುದಿಲ್ಲ. ಬದುಕಿದ್ದ ನಾರಣಪ್ಪ ಕಾಣಿಸುವುದು ಇತರರ ನೆನಪಿನಲ್ಲಿ, ಮುಖ್ಯವಾಗಿ ಬುದ್ಧಿ ಹೇಳಲು ಬಂದ ಪ್ರಾಣೇಶಾಚಾರ್ಯರನ್ನು ಅವನು ಕೆಣಕುವ ಹೊತ್ತಿನಲ್ಲಿ.

ಈ ಕಿರುಪಾತ್ರದ ಕಷ್ಟ ಎಲ್ಲಿದೆಯೆಂಬುದನ್ನು ತುಸು ಹತ್ತಿರದಿಂದ ನೋಡಬೇಕು. ಸಾಮಾನ್ಯ ಚಿತ್ರದಲ್ಲಿ ಪೂರ್ವಸ್ಮೃತಿಯ ದೃಶ್ಯ, ಅಂದರೆ ಹಿಂದೆ ನಡೆದುದನ್ನು ನಡುವೆ ತಂದು ತೋರಿಸುವ ಭಾಗ, ಮಾಹಿತಿ ಕೊಡುವುದಕ್ಕಾಗಿ ಬರುತ್ತದೆ. ನಾರಣಪ್ಪನ ದೃಶ್ಯಗಳು ಮಾಹಿತಿಗಾಗಿ ಬಂದವಲ್ಲ, ಏಕೆಂದರೆ ಅವನು ಏನೇನು ಮಾಡಿದನೆಂಬುದನ್ನು ಅಗ್ರಹಾರದವರು ಆಗಲೇ ಸಾರಿ ಮುಗಿಸಿರುತ್ತಾರೆ. ಅವನ ಕೃತ್ಯಗಳ ಹಿಂದೆ ಚಟವಲ್ಲದೆ ವಿಚಾರವೂ ಇತ್ತೆಂದು, ಆಚಾರ್ಯರ ಪಾಂಡಿತ್ಯಕ್ಕೆ ಎದುರಾಗಿ ನಿಲ್ಲಬಲ್ಲ ಒಂದು ಬುದ್ಧಿ ಆ ಅಗ್ರಹಾರದಲ್ಲಿದ್ದರೆ ಅದು ಅವನದೇ ಎಂದು ನೋಡುಗನಿಗೆ ಅನಿಸಬೇಕು; ಅದೂ ಒಂದೆರಡು ದೃಶ್ಯಗಳ ಅವಕಾಶದಲ್ಲಿ. ನುರಿತ ನಟನೊಬ್ಬ ಇಲ್ಲಿ ಖಳನನ್ನೋ ವಿಲಾಸಿಯನ್ನೋ ಮಾಡಿಬಿಡುವ ಅಪಾಯವಿತ್ತು. ಲಂಕೇಶರು ನುರಿತ ನಟರಲ್ಲ. ಅವರು ಅದಾಗಲೇ ಕತೆಗಾರರೆಂದು ಹೆಸರಾಗಿದ್ದ ಇಂಗ್ಲಿಷ್ ಅಧ್ಯಾಪಕರು. ‘ತುಘಲಕ್’ ಬರೆದ ಕಾರ್ನಾಡರ ಎದುರು ಅವರು ನಿಂತಾಗ ತೆರೆಯ ಮೇಲೆ ನಡೆಯುವುದು ಪಾತ್ರಗಳ ವಾಗ್ವಾದವಷ್ಟೇ ಆಗದೆ, ನವ್ಯಪಂಥದ ಇಬ್ಬರು ಬರಹಗಾರರ ಎರಡು ಮನೋಧರ್ಮಗಳ ಮುಖಾಮುಖಿಯೂ ಆಗುತ್ತದೆ. ‘ಆಂತ್ರಾಕ್ತ್’ನಲ್ಲಿ ದುಷಾಂಪ್ ದುಷಾಂಪನಾಗಿದ್ದುಕೊಂಡೇ ಚದುರಂಗ ಆಡಿದ ಕ್ರಮಕ್ಕೂ ಇದಕ್ಕೂ ಸಂಬಂಧವಿದೆ: ನಟನು ಪಾತ್ರದ ಹಿಂದೆ ಪೂರ್ತಿ ಅಡಗಿಕೊಳ್ಳುವುದಿಲ್ಲ, ಅಡಗಬೇಕೆಂದು ಚಿತ್ರವೂ ಬಯಸುವುದಿಲ್ಲ. ಇನ್ನುಳಿದ ಹೊತ್ತಿನಲ್ಲೆಲ್ಲ ಕೆಲಸ ಮಾಡುವುದು ಕುಲೆಷೋವನ ತತ್ತ್ವ. ನೆನಪಿನಲ್ಲಿ ಕಂಡ ಆ ಮುಖವನ್ನು ನೋಡುಗ ಚಂದ್ರಿಯ ಮೌನದ ಪಕ್ಕದಲ್ಲೂ ಹಸಿದ ಬ್ರಾಹ್ಮಣರ ಗೊಣಗಾಟದ ಪಕ್ಕದಲ್ಲೂ ಆಚಾರ್ಯರ ತಾಳೆಗರಿಯ ಪಕ್ಕದಲ್ಲೂ ಇಟ್ಟುಕೊಂಡು ನೋಡುತ್ತ ಹೋಗುತ್ತಾನೆ. ಚಂದ್ರಿ ಮುಸ್ಲಿಮನೊಬ್ಬನ ನೆರವಿನಿಂದ ರಾತ್ರೋರಾತ್ರಿ ಹೆಣ ಸುಡಿಸಿದ ಮೇಲೂ ನಾರಣಪ್ಪ ಕಥೆಯನ್ನು ಬಿಟ್ಟು ಹೋಗುವುದಿಲ್ಲ, ಆಚಾರ್ಯರ ಬೆನ್ನು ಹತ್ತುತ್ತಾನೆ. ಕನ್ನಡ ಚಲನಚಿತ್ರದಲ್ಲಿ ಇದಕ್ಕಿಂತ ಕಡಿಮೆ ಅವಧಿಯಲ್ಲಿ ಇದಕ್ಕಿಂತ ಹೆಚ್ಚು ಜಾಗ ಆಕ್ರಮಿಸಿದ ಪಾತ್ರ ಇನ್ನೊಂದಿಲ್ಲ. 1976ರ ‘ಪಲ್ಲವಿ’ಗೆ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಪಡೆದ ಲಂಕೇಶರು ಚಿತ್ರರಂಗಕ್ಕೆ ಕಾಲಿಟ್ಟದ್ದು ಸತ್ತವನ ಪಾತ್ರದಿಂದ ಎಂಬುದನ್ನು ಅವರ ಬಗೆಗಿನ ಬರಹಗಳು ಬರಿಯ ಮಾಹಿತಿಯಾಗಿ ದಾಖಲಿಸಿ ಮುಂದೆ ಹೋಗುವುದು ಸೋಜಿಗ.

‘ಸಂಸ್ಕಾರ’ದ ಬೆನ್ನಿಗೇ ಬಂದ ‘ವಂಶವೃಕ್ಷ’ ನೋಡುಗರನ್ನು ಕಪಿಲಾ ತೀರಕ್ಕೆ, ನಂಜನಗೂಡಿಗೆ ಕರೆತರುತ್ತದೆ. ಗುಂಡ್ಲು ಹೊಳೆ ಕಪಿಲೆಯನ್ನು ಸೇರುವ ಊರು ಇದು. 1997ರಲ್ಲಿ ಚಾಮರಾಜನಗರ ಜಿಲ್ಲೆ ಬೇರೆಯಾಗುವವರೆಗೆ ಗುಂಡ್ಲುಪೇಟೆಯೂ ನಂಜನಗೂಡೂ ಒಂದೇ ಮೈಸೂರು ಜಿಲ್ಲೆಯ ತಾಲ್ಲೂಕುಗಳಾಗಿದ್ದವು. ಈ ಚಿತ್ರಕ್ಕೆ ಆಧಾರವಾದ ಎಸ್. ಎಲ್. ಭೈರಪ್ಪನವರ ಕಾದಂಬರಿಯೂ ಒಂದು ಸಾವಿನಿಂದ, ಶ್ರೀನಿವಾಸ ಶ್ರೋತ್ರಿಗಳ ಮಗ ನಂಜುಂಡ ಶ್ರೋತ್ರಿ ಕಪಿಲೆಯ ಪಾಲಾದ ಸಂಗತಿಯಿಂದ ಮೊದಲಾಗುತ್ತದೆ. ಅವನ ಹೆಂಡತಿ ಕಾತ್ಯಾಯನಿಯ ಮರುವಿವಾಹ, ಶ್ರೋತ್ರಿಗಳ ಕುಲನಿಷ್ಠೆ, ಕೊನೆಗೆ ವಂಶವೆಂಬ ಕಲ್ಪನೆಯೇ ಬಿರುಕು ಬಿಡುವುದು, ಎಲ್ಲದರ ಬುಡದಲ್ಲಿರುವವನು ಆ ಸತ್ತ ಯುವಕ. ಬಿ. ವಿ. ಕಾರಂತ ಮತ್ತು ಗಿರೀಶ ಕಾರ್ನಾಡ ಜೊತೆಯಾಗಿ ನಿರ್ದೇಶಿಸಿದ, 1971ನೆಯ ಸಾಲಿನ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದ ಈ ಚಿತ್ರದಲ್ಲಿ ಮೈಸೂರಿನ ಸಂಪತ್ ಕುಮಾರ್ ಎಂಬ ಯುವಕ ಒಂದು ಸಣ್ಣ ಪಾತ್ರ ಮಾಡಿದ. ಪುಟ್ಟಣ್ಣ ಕಣಗಾಲರು ‘ನಾಗರಹಾವು’ ಚಿತ್ರ ಮಾಡುವಾಗ ಅವನಿಗೆ ವಿಷ್ಣುವರ್ಧನ್ ಎಂದು ಹೆಸರಿಟ್ಟರು. ಅದಾದ ಮರುವರ್ಷವೇ, ಅಂದರೆ ಬಂಡೀಪುರ ದೇಶದ ಮೊದಲ ಹುಲಿ ಯೋಜನೆಯ ಒಂಬತ್ತು ಕಾಡುಗಳಲ್ಲಿ ಒಂದಾದ 1973ರಲ್ಲೇ, ‘ಗಂಧದ ಗುಡಿ’ಯಲ್ಲಿ ವಿಷ್ಣುವರ್ಧನ್ ರಾಜ್‌ಕುಮಾರ್ ಎದುರು ನಿಂತರು.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ‘ವಂಶವೃಕ್ಷ’ದ ಆ ಸಣ್ಣ ಪಾತ್ರವನ್ನು ಇಂದು ಉಲ್ಲೇಖಿಸುವವರೆಲ್ಲ ಅದನ್ನು ಉಲ್ಲೇಖಿಸುವುದು ಮುಂದೆ ಬಂದ ತಾರಾಪಟ್ಟದ ಮೊದಲ ಮೆಟ್ಟಿಲೆಂದು. ಹೀಗೆ ಹಿಂದುಮುಂದಾಗಿ ಓದುವುದು ಅಭಿಮಾನಕ್ಕೆ ಸಹಜವಾದರೂ ವಿಮರ್ಶೆಗೆ ಸಲ್ಲದು, ಏಕೆಂದರೆ ಆಗ ಪಾತ್ರ ಚಿತ್ರಕ್ಕೆ ಏನು ಮಾಡಿತು ಎಂಬ ಪ್ರಶ್ನೆ ಮರೆಗೆ ಸರಿದು, ನಟನಿಗೆ ಮುಂದೆ ಏನಾಯಿತು ಎಂಬುದಷ್ಟೇ ಉಳಿಯುತ್ತದೆ. ತಾರೆಯಾಗದೆ ಹೋದ ಕಿರುಪಾತ್ರಧಾರಿಗಳು ಆ ಲೆಕ್ಕದಲ್ಲಿ ಇಲ್ಲವೇ ಆಗುತ್ತಾರೆ.

‘ವಂಶವೃಕ್ಷ’ದ ನಿರ್ಮಾಪಕರಾದ ಜಿ. ವಿ. ಅಯ್ಯರ್ ನಂಜನಗೂಡಿನವರೇ. 1917ರಲ್ಲಿ ಅಲ್ಲಿ ಹುಟ್ಟಿ, ಹುಡುಗನಾಗಿದ್ದಾಗಲೇ ಗುಬ್ಬಿ ವೀರಣ್ಣನವರ ಕಂಪನಿ ಸೇರಿ, ಭಿತ್ತಿಪತ್ರ ಬರೆಯುವುದರಿಂದ ಹಿಡಿದು ಸಣ್ಣಪುಟ್ಟ ವೇಷ ಕಟ್ಟುವವರೆಗೆ ಕಂಪನಿ ನಾಟಕದ ಎಲ್ಲ ಕೆಲಸವನ್ನೂ ಬಲ್ಲವರಾದರು. ಅದೇ ಕಂಪನಿಯಲ್ಲಿ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರೂ, ಅವರ ಹಿಂದೆ ಗಾಜನೂರಿನಿಂದ ಬಂದ ಮಗ ಮುತ್ತುರಾಜನೂ ಇದ್ದರು. ಇಂದು ತಮಿಳುನಾಡಿನ ತಾಳವಾಡಿ ಭಾಗಕ್ಕೆ ಸೇರಿದ್ದರೂ ಕನ್ನಡವನ್ನೇ ಆಡುವ ಊರು ಗಾಜನೂರು. ಆ ಮುತ್ತುರಾಜ 1954ರಲ್ಲಿ ‘ಬೇಡರ ಕಣ್ಣಪ್ಪ’ನಾಗಿ ರಾಜ್‌ಕುಮಾರ್ ಎನಿಸಿಕೊಂಡಾಗ ಅದೇ ಚಿತ್ರದ ತಾರಾಗಣದಲ್ಲಿ ಅಯ್ಯರ್ ಕೂಡ ಇದ್ದರು. ಒಂದೇ ಸೀಮೆಯ, ಒಂದೇ ಕಂಪನಿಯ ಇಬ್ಬರು ಒಂದೇ ಚಿತ್ರದಿಂದ ಎರಡು ದಾರಿ ಹಿಡಿದರು: ಒಬ್ಬರು ಜನಪ್ರಿಯ ಚಿತ್ರದ ಕೇಂದ್ರವೇ ಆದರು, ಇನ್ನೊಬ್ಬರು ಗೀತರಚನೆ, ನಿರ್ಮಾಣ, ನಿರ್ದೇಶನಗಳೆಲ್ಲವನ್ನೂ ಸುತ್ತಿಬಂದು, ಚಪ್ಪಲಿ ತೊಡದ ‘ಬರಿಗಾಲಿನ ನಿರ್ದೇಶಕ’ರಾಗಿ, ಕೊನೆಗೆ ನಾಯಕನೇ ಬೇಡವೆನಿಸುವ ಚಿತ್ರಗಳ ಕಡೆಗೆ ನಡೆದರು.

ಆ ನಡೆಯ ಮುಖ್ಯ ಘಟ್ಟ 1983ರ ‘ಆದಿ ಶಂಕರಾಚಾರ್ಯ’. ಸಂಸ್ಕೃತ ಭಾಷೆಯ ಮೊದಲ ಕಥಾಚಿತ್ರವಾದ ಇದಕ್ಕೆ ಸ್ವರ್ಣಕಮಲದ ಜೊತೆಗೆ ಚಿತ್ರಕಥೆ, ಛಾಯಾಗ್ರಹಣ, ಧ್ವನಿಗ್ರಹಣಗಳ ರಾಷ್ಟ್ರಪ್ರಶಸ್ತಿಗಳೂ ಬಂದವು. ಛಾಯಾಗ್ರಾಹಕರು ಮಧು ಅಂಬಾಟ್. ಈ ಚಿತ್ರದಲ್ಲಿ ಶಂಕರನ ಜೊತೆಗಾರರಾಗಿ ಇಬ್ಬರು ಬರುತ್ತಾರೆ, ಒಬ್ಬ ಮೃತ್ಯು, ಇನ್ನೊಬ್ಬ ಪ್ರಜ್ಞಾನ. ಭಾವವೊಂದಕ್ಕೆ ಮನುಷ್ಯರೂಪ ಕೊಟ್ಟು ರಂಗಕ್ಕೆ ತರುವುದು ಹೊಸದಲ್ಲ; ಹನ್ನೊಂದನೆಯ ಶತಮಾನದ ಕೃಷ್ಣಮಿಶ್ರನ ‘ಪ್ರಬೋಧಚಂದ್ರೋದಯ’ ನಾಟಕದಲ್ಲಿ ವಿವೇಕ, ಮೋಹ ಮೊದಲಾದವರೇ ಪಾತ್ರಧಾರಿಗಳು. ಇಂಗ್ಮಾರ್ ಬರ್ಗ್‌ಮನ್‌ನ 1957ರ ‘ಏಳನೆಯ ಮುದ್ರೆ’ಯಲ್ಲೂ ಮೃತ್ಯು ಕರಿಯ ನಿಲುವಂಗಿ ತೊಟ್ಟು ಯೋಧನೊಡನೆ ಚದುರಂಗಕ್ಕೆ ಕೂರುತ್ತದೆ. ಆದರೆ ಬರ್ಗ್‌ಮನ್‌ನ ಮೃತ್ಯು ವಾದಿಸುತ್ತದೆ, ಮೋಸದಿಂದ ಗೆಲ್ಲುತ್ತದೆ, ಒಂದು ಅರ್ಥದಲ್ಲಿ ಅದು ಪ್ರತಿನಾಯಕ. ಅಯ್ಯರರ ಮೃತ್ಯು ಎದುರಾಳಿಯಲ್ಲ, ಒಡನಾಡಿ. ಶಂಕರನ ಹೆಜ್ಜೆಗೆ ಹೆಜ್ಜೆ ಹಾಕುವುದೇ ಅದರ ಕೆಲಸ. ಇಂಥ ಪಾತ್ರವನ್ನು ವಹಿಸುವವನ ಮುಂದೆ ಇರುವ ಸಮಸ್ಯೆ ವಿಚಿತ್ರವಾದದ್ದು. ಅವನಿಗೆ ಹಿನ್ನೆಲೆಯಿಲ್ಲ, ಬಯಕೆಯಿಲ್ಲ, ತಾಯಿತಂದೆಯಿಲ್ಲ. ದುಃಖದ ಸನ್ನಿವೇಶದಲ್ಲಿ ಅವನು ದುಃಖಿಸಿದರೆ ಮೃತ್ಯುವಾಗಿ ಉಳಿಯುವುದಿಲ್ಲ, ಕ್ರೂರವಾಗಿ ನಕ್ಕರೆ ಕಂಪನಿ ನಾಟಕದ ಯಮನಾಗಿಬಿಡುತ್ತಾನೆ. ಯಂತ್ರದ ಮೇಲಿಂದ ದೇವರನ್ನು ಇಳಿಸುವ, ಸಿಂಹಾಸನದಿಂದ ಯಮನನ್ನು ಗರ್ಜಿಸುವಂತೆ ಮಾಡುವ ರಂಗಭೂಮಿಯಲ್ಲಿ ಬೆಳೆದ ಅಯ್ಯರ್, ಆ ಅದ್ಧೂರಿಯನ್ನೆಲ್ಲ ಕಳಚಿ, ಸುಮ್ಮನೆ ಪಕ್ಕದಲ್ಲಿ ನಡೆಯುವ ಮನುಷ್ಯನನ್ನಾಗಿ ಸಾವನ್ನು ತೋರಿಸಿದ್ದು ಅವರ ದೊಡ್ಡ ಸಾಧನೆ. ಚಿತ್ರದ ಉಳಿದ ಭಾಗಗಳಲ್ಲಿ ಭಕ್ತಿಯ ಭಾರ ಕೆಲವೊಮ್ಮೆ ಹೆಚ್ಚಾಯಿತೆಂಬ ಆಕ್ಷೇಪವನ್ನು ಒಪ್ಪಬಹುದು. ಈ ಎರಡು ಕಿರುಪಾತ್ರಗಳಿರುವೆಡೆಯಲ್ಲಿ ಮಾತ್ರ ಚಿತ್ರ ಸ್ತೋತ್ರವಾಗದೆ ವಿಚಾರವಾಗುತ್ತದೆ.

ಇನ್ನು ಕಾಡಿನ ಮಾತು. ಹೆಗ್ಗಡದೇವನಕೋಟೆ ತಾಲ್ಲೂಕಿನ ಆಲನಹಳ್ಳಿಯಿಂದ ಬಂದ ಶ್ರೀಕೃಷ್ಣ ಆಲನಹಳ್ಳಿಯವರ ‘ಕಾಡು’ ಕಾದಂಬರಿಯನ್ನು ಗಿರೀಶ ಕಾರ್ನಾಡರು 1973ರಲ್ಲಿ ತೆರೆಗೆ ತಂದರು. ಗೋವಿಂದ ನಿಹಲಾನಿಯವರ ಛಾಯಾಗ್ರಹಣ, ಕಾರಂತರ ಸಂಗೀತ. ಚಂದ್ರೇಗೌಡನಾಗಿ ಅಮರೀಶ್ ಪುರಿ, ಅವನ ಹೆಂಡತಿ ಕಮಲಿಯಾಗಿ ನಂದಿನಿ ಭಕ್ತವತ್ಸಲ, ಅವರ ಮನೆಯಲ್ಲಿ ಬೆಳೆಯುವ ಹುಡುಗ ಕಿಟ್ಟಿಯಾಗಿ ಜಿ. ಎಸ್. ನಟರಾಜ್. ಆ ವರ್ಷದ ಅತ್ಯುತ್ತಮ ನಟಿ ಮತ್ತು ಅತ್ಯುತ್ತಮ ಬಾಲನಟ ರಾಷ್ಟ್ರಪ್ರಶಸ್ತಿಗಳು ನಂದಿನಿ ಮತ್ತು ನಟರಾಜ್ ಅವರಿಗೆ ಸಂದವು. ಗೌಡನಿಗೆ ಪಕ್ಕದೂರಿನ ಹೆಣ್ಣಿನ ನಂಟು, ಹೆಂಡತಿಯ ಒಳಗುದಿ, ಎರಡು ಊರುಗಳ ಹಗೆ, ಕೊಲೆ, ಪೊಲೀಸರು, ಇವೆಲ್ಲ ಕಥೆಯ ಹೊರಮೈ. ಕಿಟ್ಟಿಯ ಕಿವಿಗೆ ಬೀಳುವುದು ಇನ್ನೊಂದು. ಕಾಡಿನಲ್ಲಿ ಒಂದು ಹಕ್ಕಿಯಿದೆ, ಅದು ಮನುಷ್ಯರನ್ನು ಹೆಸರು ಹಿಡಿದು ಕೂಗುತ್ತದೆ, ತಾನು ಕರೆದವರನ್ನು ಕೊಲ್ಲುತ್ತದೆ ಎಂಬ ಮಾತನ್ನು ಅವನು ಕೇಳಿದ್ದಾನೆ. ಚಿತ್ರದುದ್ದಕ್ಕೂ ಅವನನ್ನು ಸೆಳೆಯುವುದು ಆ ಕೂಗು. ದೊಡ್ಡವರ ಲೋಕ ರಕ್ತದಲ್ಲಿ ಮುಗಿದಾಗ ಅವನು ಓಗೊಟ್ಟು ಕಾಡಿನ ಕಡೆಗೆ ಹೋಗುತ್ತಾನೆ.

ಕಿರುಪಾತ್ರದ ಚರ್ಚೆಯಲ್ಲಿ ಈ ಹಕ್ಕಿಯನ್ನು ಸೇರಿಸುವುದು ಅತಿರೇಕವೆಂದು ಕೆಲವರಿಗೆ ತೋರಬಹುದು. ಆದರೆ ಕಾಡಂಚಿನ ಊರುಗಳಲ್ಲಿ ಬೆಳೆದವರಿಗೆ ಅದು ಅಲಂಕಾರವಲ್ಲ; ರಾತ್ರಿಯ ಹೊತ್ತು ಯಾರೋ ಹೆಸರು ಹಿಡಿದು ಕರೆದರೆ ಒಂದೇ ಕೂಗಿಗೆ ಓ ಎನ್ನಬಾರದೆಂದು ಹೇಳದ ಅಜ್ಜಿ ಈ ಕಡೆಯ ಹಳ್ಳಿಗಳಲ್ಲಿ ಇರಲಾರಳು. ಕಾರ್ನಾಡರ ಚಿತ್ರ ಆ ನಂಬಿಕೆಯನ್ನು ಜಾನಪದದ ಒಗ್ಗರಣೆಯಾಗಿ ಬಳಸದೆ ಕಥನದ ಒಂದು ಕೊನೆಯಾಗಿ ಕಟ್ಟಿತು. ಶರೀರವಿಲ್ಲದ, ಬರಿಯ ದನಿಯಾದ ಈ ಪಾತ್ರಕ್ಕೂ ಚಂದ್ರೇಗೌಡನಿಗೂ ತೂಕ ಹಾಕಿದರೆ ತಕ್ಕಡಿ ದನಿಯ ಕಡೆಗೆ ವಾಲುತ್ತದೆ. ಗೌಡನ ಪಾತ್ರವನ್ನು ಬೇರೊಬ್ಬ ಸಮರ್ಥ ನಟ ಮಾಡಬಹುದಿತ್ತು. ಕೂಗು ಇಲ್ಲದಿದ್ದರೆ ‘ಕಾಡು’ ಹಳ್ಳಿಯ ಹಗೆತನದ ಕಥೆಗಳಲ್ಲಿ ಮತ್ತೊಂದಾಗುತ್ತಿತ್ತು.

ಇಷ್ಟು ಹೊಗಳಿಕೆಯ ನಂತರ ಹೊಸ ಅಲೆಯ ಮೇಲಿನ ಒಂದು ಆಪಾದನೆಯನ್ನೂ ದಾಖಲಿಸಬೇಕು. ಈ ಕಾಡುಗಳಲ್ಲಿ ಚಿತ್ರ ತೆಗೆದವರು ಬಹಳ ಹಿಂದಿನಿಂದಲೂ ಇಲ್ಲಿನ ಜನರನ್ನು ತೆರೆಗೆ ತಂದಿದ್ದಾರೆ. 1937ರ ‘ಎಲಿಫೆಂಟ್ ಬಾಯ್’ಗಾಗಿ ರಾಬರ್ಟ್ ಫ್ಲಾಹರ್ಟಿ ಮೈಸೂರು ಸಂಸ್ಥಾನಕ್ಕೆ ಬಂದಾಗ ಕಾರಾಪುರದ ಮಾವುತರ ಹುಡುಗ ಸಾಬು ನಾಯಕನಾಗಿ ಲಂಡನ್ನಿಗೂ ಹಾಲಿವುಡ್ಡಿಗೂ ಹೋದ, ಅವನ ಹಿಂದೆ ಆನೆ ನಡೆಸಿದವರ ಹೆಸರನ್ನು ಯಾರೂ ಕೇಳುವುದಿಲ್ಲ. ಅದು ವಸಾಹತುಕಾಲದ ದೃಷ್ಟಿಯೆಂದು ತಳ್ಳಿಹಾಕಿದರೂ, ನಮ್ಮವರೇ ತೆಗೆದ ಚಿತ್ರಗಳಲ್ಲಿ ಸೋಲಿಗರು, ಜೇನುಕುರುಬರು, ಊರಿನ ಕೂಲಿಗಳು ಬಹುಮಟ್ಟಿಗೆ ಗುಂಪಾಗಿಯೇ ಉಳಿದರು. ವೃತ್ತಿನಟರಲ್ಲದವರನ್ನು ಬಳಸುವುದು ಹೊಸ ಅಲೆಯ ಹೆಮ್ಮೆಯ ತತ್ತ್ವವಾಗಿತ್ತು; ಆದರೆ ವೃತ್ತಿನಟನಲ್ಲದ ಬರಹಗಾರನ ಹೆಸರು ಟೈಟಲ್ ಕಾರ್ಡಿನಲ್ಲಿ, ಅಂದರೆ ಚಿತ್ರದ ಮೊದಲಲ್ಲೋ ಕೊನೆಯಲ್ಲೋ ಬರುವ ಹೆಸರುಗಳ ಫಲಕದಲ್ಲಿ ಬಂತು, ವೃತ್ತಿನಟನಲ್ಲದ ಕೂಲಿಯದು ‘ಮತ್ತು ಗ್ರಾಮಸ್ಥರು’ ಎಂಬುದರೊಳಗೆ ಕರಗಿತು. ಜಾತಿಯನ್ನೂ ಅಧಿಕಾರವನ್ನೂ ಅಷ್ಟು ತೀಕ್ಷ್ಣವಾಗಿ ಪ್ರಶ್ನಿಸಿದ ಚಿತ್ರಗಳು ತಮ್ಮದೇ ಹೆಸರುಪಟ್ಟಿಯೊಳಗಿನ ಅಧಿಕಾರವನ್ನು ಗಮನಿಸಲಿಲ್ಲ.

ಹಳೆಯ ಚಿತ್ರಗಳ ಪುನರುಜ್ಜೀವನದ ಕಾರ್ಯ ಈಚೆಗೆ ಚುರುಕಾಗಿದೆ. ಗಿರೀಶ ಕಾಸರವಳ್ಳಿಯವರ 1977ರ ‘ಘಟಶ್ರಾದ್ಧ’ವನ್ನು ಮಾರ್ಟಿನ್ ಸ್ಕಾರ್ಸೆಸಿ ಸ್ಥಾಪಿಸಿದ ಫಿಲ್ಮ್ ಫೌಂಡೇಷನ್ನಿನ ವಿಶ್ವ ಚಲನಚಿತ್ರ ಯೋಜನೆಯೂ ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಷನ್ನೂ ಸೇರಿ ಸರಿಪಡಿಸಿ, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದವು. ಗೀರುಬಿದ್ದ ಚಿತ್ರಿಕೆಯನ್ನೂ ಮಸುಕಾದ ದನಿಯನ್ನೂ ಹೀಗೆ ಮರಳಿ ಪಡೆಯಬಹುದು. ಬರೆಯದೇ ಬಿಟ್ಟ ಹೆಸರನ್ನು ಯಾವ ಪ್ರಯೋಗಾಲಯವೂ ಮರಳಿ ತಾರದು. ಅದು ಊರಿನಲ್ಲಿ ಕೇಳಿ ತಿಳಿಯಬೇಕಾದ ಕೆಲಸ.

ಜಾನಪದ ವಿದ್ವಾಂಸರು ಈ ಕೆಲಸಕ್ಕೆ ಮೇಲ್ಪಂಕ್ತಿ ಹಾಕಿಕೊಟ್ಟಿದ್ದಾರೆ. ಮಾದೇಶ್ವರ, ಮಂಟೇಸ್ವಾಮಿ ಕಾವ್ಯಗಳನ್ನು ಬರಹಕ್ಕಿಳಿಸಿ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಪ್ರಕಟಿಸಿದಾಗ ಸಂಪಾದಕರ ಹೆಸರಿನ ಜೊತೆಗೆ ಹಾಡಿದವರ ಹೆಸರನ್ನೂ ಅಚ್ಚುಹಾಕಲಾಯಿತು. ಚಲನಚಿತ್ರಕ್ಕೂ ಅದೇ ನ್ಯಾಯ ಸಲ್ಲಬೇಕು. ಚಾಮರಾಜನಗರ, ಗುಂಡ್ಲುಪೇಟೆ, ನಂಜನಗೂಡುಗಳ ಕಾಲೇಜುಗಳ ಕನ್ನಡ ವಿಭಾಗಗಳು ತಮ್ಮ ವಿದ್ಯಾರ್ಥಿಗಳನ್ನು ಊರೂರಿಗೆ ಕಳಿಸಿ, 1970 ಮತ್ತು 80ರ ದಶಕಗಳಲ್ಲಿ ಈ ಭಾಗದಲ್ಲಿ ನಡೆದ ಚಿತ್ರೀಕರಣಗಳಲ್ಲಿ ಕ್ಯಾಮೆರಾ ಮುಂದೆ ನಿಂತವರು ಯಾರು, ಯಾವ ದೃಶ್ಯದಲ್ಲಿ, ಏನು ಮಾಡಿದರು ಎಂಬುದನ್ನು ಬರೆಸಿಕೊಳ್ಳಬೇಕಾಗಿದೆ. ಆಗ ಇಪ್ಪತ್ತರ ಹರೆಯದಲ್ಲಿದ್ದವರು ಈಗ ಎಪ್ಪತ್ತರ ಆಚೀಚೆ ಇದ್ದಾರೆ, ಆದ್ದರಿಂದ ಈ ಕೆಲಸವನ್ನು ಮುಂದೂಡುವಂತಿಲ್ಲ. ಆ ಪಟ್ಟಿಯ ಒಂದು ಪ್ರತಿ ಜಿಲ್ಲಾ ಕೇಂದ್ರ ಗ್ರಂಥಾಲಯದಲ್ಲಿ ಉಳಿಯಲಿ, ಇನ್ನೊಂದು ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಹೋಗಲಿ ಎಂಬುದು ಈ ಸಭೆಯಲ್ಲಿರುವ ಅಧ್ಯಾಪಕರ ಮುಂದೆ, ಅವರ ವಿದ್ಯಾರ್ಥಿಗಳ ಮುಂದೆ ಇಡುತ್ತಿರುವ ಕೋರಿಕೆ.